ಮಿಗಿಸಿಟ್ಟ ಕೇಬಲು

ಮಗಳಿಗೆ ಲಂಗ ಹೊಲಿಸುವ ತಾಯಿ ದರ್ಜಿಗೆ ಹೇಳುವ ಮಾತು ನಿಮಗೆಲ್ಲ ತಿಳಿದದ್ದೇ: "ಒಂದು ಮಡಿಕೆ ಒಳಗೆ ಬಿಡಪ್ಪ, ಬೆಳೆಯೋ ಹುಡುಗಿ." ಹಾಗೆ ಮಡಿಸಿದ ಬಟ್ಟೆಯನ್ನು ಯಾರೂ ದಂಡವೆನ್ನುವುದಿಲ್ಲ. ಆದರೆ ಬೀದಿಯ ಕಂಬದ ಮೇಲೆ ಸಿಂಬೆ ಸುತ್ತಿ ಕಟ್ಟಿದ ಕಪ್ಪು ಕೇಬಲನ್ನು ಕಂಡರೆ ಮಾತ್ರ, ಅಳತೆ ತಿಳಿಯದವರು ಮಿಕ್ಕದ್ದನ್ನು ನೇತುಹಾಕಿ ಹೋಗಿದ್ದಾರೆಂದು ಅಂದುಕೊಳ್ಳುತ್ತೇವೆ. ಕೆಲವೆಡೆ ಅದು ನಿಜವೂ ಹೌದು. ಬಲ್ಲವರು ಕಟ್ಟಿದ ಸಿಂಬೆಯಾದರೋ ಬೇಕೆಂದೇ ಉಳಿಸಿದ್ದು. ಏಕೆಂಬುದನ್ನು ಈ ಹೊತ್ತು ವಿಚಾರಿಸೋಣ.

ಆಪ್ಟಿಕಲ್ ಫೈಬರ್ ಕೇಬಲಿನಲ್ಲಿ ಸುದ್ದಿಯನ್ನು ಹೊರುವುದು ತಾಮ್ರವಲ್ಲ, ಗಾಜು. ಗಾಜಿನ ಒಂದೊಂದು ಎಳೆಯ ದಪ್ಪ ಮಿಲಿಮೀಟರಿನ ಎಂಟನೆಯ ಒಂದು ಪಾಲು. ದೂರದ ದಾರಿಯ ಎಳೆಗಳಲ್ಲಿ ಬೆಳಕು ಸಾಗುವ ನಡುಭಾಗ ಮಿಲಿಮೀಟರಿನ ನೂರನೆಯ ಒಂದು ಪಾಲಿಗಿಂತಲೂ ಕಿರಿದು. ತಾಮ್ರದ ತಂತಿಯನ್ನು ಹೊಸೆದು ಸೇರಿಸಬಹುದು. ಗಾಜಿಗೆ ಅದು ಸಲ್ಲದು. ತುದಿಗಳನ್ನು ನೇರವಾಗಿ ಕತ್ತರಿಸಿ, ಎದುರುಬದುರಾಗಿ ಹೊಂದಿಸಿ, ವಿದ್ಯುತ್ ಕಿಡಿಯಿಂದ ಕರಗಿಸಿ ಬೆಸೆಯಬೇಕು. ಇಷ್ಟು ನಾಜೂಕಿನ ಕೆಲಸ ಕಂಬದ ಮೇಲೆ ಜೋತಾಡುತ್ತಲೋ, ಕೆಸರಿನ ಗುಂಡಿಯಲ್ಲಿ ಕುಳಿತೋ ಮಾಡುವಂಥದಲ್ಲ. ಎರಡು ತುದಿಗಳನ್ನೂ ಧೂಳಿಲ್ಲದ ಕಡೆ ಮೇಜಿನ ಮೇಲಕ್ಕೆ ತರಬೇಕು. ಅದಕ್ಕಾಗಿಯೇ ಬೆಸೆಯುವಲ್ಲಿ ಒಂದೊಂದು ಪಕ್ಕಕ್ಕೂ ಸಾಮಾನ್ಯವಾಗಿ 10-15 ಮೀಟರು ಕೇಬಲನ್ನು ಉಳಿಸುತ್ತಾರೆ.

ಇನ್ನೊಂದು ಪ್ರಯೋಜನವುಂಟು. ಎತ್ತರದ ಲಾರಿ ತಗುಲಿಯೋ, ನೆಲ ಅಗೆಯುವ ಯಂತ್ರಕ್ಕೆ ಸಿಕ್ಕಿಯೋ ಕೇಬಲು ತುಂಡಾಯಿತೆನ್ನಿ. ಹತ್ತಿರದಲ್ಲಿ ಸಿಂಬೆಯಿದ್ದರೆ ಬಿಚ್ಚಿ ಎಳೆದು ಒಂದೇ ಕಡೆ ಬೆಸೆಯಬಹುದು. ಇಲ್ಲವಾದರೆ ನಡುವೆ ಹೊಸ ತುಂಡು ಹಾಕಿ ಎರಡು ಕಡೆ ಬೆಸೆಯಬೇಕು. 24 ಎಳೆಯ ಕೇಬಲಾದರೆ 24 ಬೆಸುಗೆಗಳ ಜಾಗದಲ್ಲಿ 48. ಅಷ್ಟು ಹೊತ್ತೂ ಆ ದಾರಿಯನ್ನೇ ನಂಬಿದ ಬ್ಯಾಂಕು, ಆಸ್ಪತ್ರೆ, ಮಕ್ಕಳ ಪಾಠ ಎಲ್ಲವೂ ಕಾದಿರಬೇಕು.

ಉಳಿಸಿದರೆ ಸಾಲದು, ಸುತ್ತುವುದನ್ನೂ ಅರಿತಿರಬೇಕು. ಬೆಸುಗೆಯ ಪೆಟ್ಟಿಗೆಯೊಳಗೆ ಒಂದೊಂದು ಎಳೆಯನ್ನೂ ಸುಮಾರು ಒಂದು ಮೀಟರು ಮಿಗಿಸಿ ತಟ್ಟೆಯಲ್ಲಿ ಸುತ್ತಿಡುತ್ತಾರೆ. ಬೆಸುಗೆ ಕೆಟ್ಟರೆ ಕತ್ತರಿಸಿ ಮತ್ತೆ ಬೆಸೆಯಲು ಅದೇ ಆಧಾರ. ವಾಡಿಕೆಯ ಎಳೆಗೆ ಸುತ್ತಿನ ತ್ರಿಜ್ಯ 30 ಮಿಲಿಮೀಟರಿಗಿಂತ ಕಡಿಮೆಯಾಗದಂತೆ ನೋಡಿಕೊಳ್ಳುತ್ತಾರೆ. ಆ ಲೆಕ್ಕಕ್ಕೆ ಒಂದು ಮೀಟರಿಗೆ ಸುಮಾರು ಐದು ಸುತ್ತು. ಹೆಚ್ಚು ಬಿಗಿದರೆ ಎಳೆ ಮುರಿಯದಿದ್ದರೂ ತಿರುವಿನಲ್ಲಿ ಬೆಳಕು ಹೊರಕ್ಕೆ ಸೋರುತ್ತದೆ. ಬೆಸುಗೆ ಚೊಕ್ಕಟವಾಗಿದ್ದೂ ಮುಚ್ಚಳ ಹಾಕಿದ ಮೇಲೆ ಬೆಳಕು ಕುಂದುವುದುಂಟು. ಆದ್ದರಿಂದ ಸುತ್ತಿಟ್ಟ ಮೇಲೆ ಮತ್ತೊಮ್ಮೆ ಅಳೆದು ನೋಡುವುದು ಒಳ್ಳೆಯ ಕೆಲಸಗಾರನ ಲಕ್ಷಣ.

ಕೊನೆಯದು ಲೆಕ್ಕ ಬರೆದಿಡುವುದು. ಕೇಬಲು ಎಲ್ಲಿ ಕೆಟ್ಟಿದೆಯೆಂದು ತಿಳಿಯಲು ಒಂದು ತುದಿಯಿಂದ ಬೆಳಕಿನ ಮಿಡಿತವನ್ನು ಕಳುಹಿಸಿ, ಅದರ ಅಂಶ ಮರಳಿ ಬರುವ ಕಾಲದಿಂದ ದೂರವನ್ನು ಎಣಿಸುತ್ತಾರೆ. ಉಪಕರಣಕ್ಕೆ ತಿಳಿಯುವುದು ಎಳೆಯ ಉದ್ದ, ರಸ್ತೆಯ ಉದ್ದವಲ್ಲ. ದಾರಿಯಲ್ಲಿ 20 ಮೀಟರಿನ ಐದು ಸಿಂಬೆಗಳಿದ್ದು ಅವು ನಕ್ಷೆಯಲ್ಲಿ ಇರದಿದ್ದರೆ ನೂರು ಮೀಟರು ಆಚೆ ಅಗೆಯುತ್ತಾರೆ. ಒಳ್ಳೆಯ ರಸ್ತೆ ಹಾಳು. ಕೆಟ್ಟ ಕೇಬಲು ಇದ್ದಂತೆಯೇ.

ಈಗ ಈ ಎಳೆ ಅನೇಕರ ಮನೆಯೊಳಕ್ಕೂ ಬಂದಿದೆ. ಮನೆಗಳಿಗೆ ಹಾಕುವ ಹೊಸ ಬಗೆಯ ಎಳೆ ಇನ್ನಷ್ಟು ಬಗ್ಗುವುದನ್ನು ತಾಳುತ್ತದೆ, ನಿಜ. ಆದರೂ ಪೆಟ್ಟಿಗೆಯ ಹಿಂದೆ ಮಿಕ್ಕ ತಂತಿಯನ್ನು ಕಾಗದದಂತೆ ಮಡಿಸಿ ದಾರದಿಂದ ಬಿಗಿಯಬೇಡಿ; ಸಡಿಲವಾಗಿ, ಬಳೆಗಿಂತ ಅಗಲವಾಗಿ ಸುತ್ತಿಡಿ. ಬಿಚ್ಚಿದ ತುದಿಯೊಳಕ್ಕೆ ಇಣುಕಬೇಡಿ. ಕಾಣದ ಬೆಳಕೂ ಕಣ್ಣಿಗೆ ಕೆಡುಕು ಮಾಡೀತು. ಬೀದಿಯ ಸಿಂಬೆ ತಲೆಗೆ ತಗುಲುವಂತೆ ಜೋತುಬಿದ್ದಿದ್ದರೆ ಸಂಬಂಧಪಟ್ಟವರಿಗೆ ತಿಳಿಸಿ. ಅಂದಗೆಡಿಸಿತೆಂದು ನೀವೇ ಕತ್ತರಿಸಲು ಹೋಗಬೇಡಿ. ಕೇಬಲು ತುಂಡಾದ ದಿನ ನಿಮ್ಮ ಬೀದಿಗೆ ಒದಗುವುದು ಅದೇ.