ಕೈಗೆ ಸಿಕ್ಕ ಸೆರೆಯಾಳು: ಪರೀಕ್ಷೆ ಯಾರಿಗೆ?

(ಜುಮಾ ಖುತ್ಬಾದ ಸಾರಾಂಶ)



ಸರ್ವಸ್ತುತಿ ಅಲ್ಲಾಹನಿಗೆ. ಪ್ರವಾದಿ ಮುಹಮ್ಮದ್(ಸ)ರ ಮೇಲೆ, ಅವರ ಕುಟುಂಬ ಹಾಗೂ ಸಹಾಬಿಗಳ ಮೇಲೆ ಶಾಂತಿಯಿರಲಿ.

ನಮ್ಮ ಜಮಾಅತ್‌ನ ಕಾಲೇಜು ಹುಡುಗನೊಬ್ಬ ಕಳೆದ ವಾರ ದಪ್ಪ ಕಾದಂಬರಿಯೊಂದನ್ನು ತಂದು ತೋರಿಸಿದ. "ಉಸ್ತಾದ್, ಇದನ್ನು ಓದಿ ನಿದ್ದೆ ಬರಲಿಲ್ಲ. ಯುದ್ಧದಲ್ಲಿ ಸಿಕ್ಕಿಬಿದ್ದವರನ್ನು ಮನುಷ್ಯರು ಹೀಗೂ ಇಡುತ್ತಾರಾ?" ಎಂದು ಕೇಳಿದ. ಅಮೆರಿಕದ ಮ್ಯಾಕಿನ್ಲೆ ಕ್ಯಾಂಟರ್ 1955ರಲ್ಲಿ ಬರೆದ 'ಆಂಡರ್ಸನ್‌ವಿಲ್' ಅದು. ಮರುವರ್ಷ ಅದಕ್ಕೆ ಪುಲಿಟ್ಜರ್ ಪ್ರಶಸ್ತಿ ಬಂತು.

ಕಥೆ ಕಲ್ಪನೆಯಾದರೂ ಸೆರೆಮನೆ ನಿಜ. ಅಮೆರಿಕದಲ್ಲಿ ಉತ್ತರ ಮತ್ತು ದಕ್ಷಿಣದ ರಾಜ್ಯಗಳ ನಡುವೆ ಯುದ್ಧ ನಡೆದಿದ್ದಾಗ, ದಕ್ಷಿಣದವರು 1864ರ ಫೆಬ್ರವರಿಯಲ್ಲಿ ಜಾರ್ಜಿಯಾದಲ್ಲಿ ಅದನ್ನು ತೆರೆದರು. ಮರದ ದಿಮ್ಮಿಗಳ ಎತ್ತರದ ಗೋಡೆ, ಒಳಗೆ ಬಯಲು. 10,000 ಮಂದಿಗೆಂದು ಕಟ್ಟಿದ ಜಾಗದಲ್ಲಿ ಆಗಸ್ಟ್ ಹೊತ್ತಿಗೆ 32,000ಕ್ಕೂ ಹೆಚ್ಚು ಕೈದಿಗಳಿದ್ದರು. ನಡುವೆ ಹರಿಯುವ ಒಂದೇ ತೊರೆ. ಕುಡಿಯಲೂ ಅದೇ, ಮಲಮೂತ್ರಕ್ಕೂ ಅದೇ. ಗೋಡೆಯ ಒಳಗೊಂದು ಬೇಲಿ, ದಾಟಿದವನಿಗೆ ಗುಂಡು. ಸುತ್ತಲೂ ಕಾಡಿದ್ದರೂ ಸೂರು ಕಟ್ಟಿಕೊಳ್ಳಲು ಬೇಕಾದಷ್ಟು ಮರ ಸಿಗಲಿಲ್ಲ. ಸುಮಾರು 14 ತಿಂಗಳಲ್ಲಿ ಅಲ್ಲಿಗೆ ಬಂದ 45,000 ಕೈದಿಗಳಲ್ಲಿ ಹತ್ತಿರ ಹತ್ತಿರ 13,000 ಮಂದಿ ಸತ್ತರು. ಹೆಚ್ಚಿನವರನ್ನು ಕೊಂದದ್ದು ಗುಂಡಲ್ಲ, ಹಸಿವು ಮತ್ತು ರೋಗ.

ಆ ಕಾದಂಬರಿಯಲ್ಲಿ ಐರಾ ಕ್ಲಾಫಿ ಎಂಬ ಜಮೀನ್ದಾರನಿದ್ದಾನೆ. ಗುಲಾಮರನ್ನು ಇಟ್ಟುಕೊಂಡವನು, ದಕ್ಷಿಣದವನು. ಯುದ್ಧದಲ್ಲಿ ಮೂವರು ಗಂಡುಮಕ್ಕಳನ್ನು ಕಳೆದುಕೊಂಡವನು. ಶತ್ರುಗಳು ನರಳಿದರೆ ಅವನಿಗೆ ಸಂತೋಷವಾಗಬೇಕಿತ್ತು. ಆಗಲಿಲ್ಲ. ಪಕ್ಕದ ಸೆರೆಮನೆಯ ಸಂಕಟ ಅವನ ಮನೆಯ ನೆಮ್ಮದಿಯನ್ನೂ ಕೆಡಿಸಿತು.

ಸಹೋದರರೇ, ಈಗ ಬದ್ರ್ ನೆನಪಿಸಿಕೊಳ್ಳಿ. ಅಂದು ಸುಮಾರು 70 ಮಂದಿ ಸೆರೆಯಾದರು. ಮುಸ್ಲಿಮರನ್ನು ಮಕ್ಕಾದಲ್ಲಿ ಹಿಂಸಿಸಿ ಮನೆಬಿಡಿಸಿದ್ದ ಜನರೇ ಅವರು. ಮದೀನಾದಲ್ಲೂ ಸಮೃದ್ಧಿಯಿರಲಿಲ್ಲ. ಆದರೂ ಸೆರೆಯಾಳುಗಳನ್ನು ಚೆನ್ನಾಗಿ ನೋಡಿಕೊಳ್ಳಲು ಪ್ರವಾದಿ(ಸ) ಆದೇಶಿಸಿದರು. ಮುಸ್ಅಬ್(ರ)ರ ಸಹೋದರ ಅಬೂ ಅಝೀಝ್ ಆ ಸೆರೆಯಾಳುಗಳಲ್ಲೊಬ್ಬರು. ಅನ್ಸಾರಿಗಳು ರೊಟ್ಟಿಯನ್ನು ತನಗೆ ಕೊಟ್ಟು ತಾವು ಖರ್ಜೂರ ತಿನ್ನುತ್ತಿದ್ದರು, ನಾಚಿಕೆಯಿಂದ ಹಿಂದಿರುಗಿಸಿದರೂ ಮುಟ್ಟುತ್ತಿರಲಿಲ್ಲ ಎಂದು ಅವರು ಮುಂದೆ ನೆನಪಿಸಿಕೊಂಡರು. ಹಗ್ಗದಲ್ಲಿ ಕಟ್ಟಿಹಾಕಿದ್ದ ಚಿಕ್ಕಪ್ಪ ಅಬ್ಬಾಸ್‌ರ ನರಳಾಟ ಕೇಳಿ ಪ್ರವಾದಿ(ಸ)ರಿಗೆ ನಿದ್ದೆ ಬರಲಿಲ್ಲ. ಯಾರೋ ಅವರ ಕಟ್ಟು ಸಡಿಲಿಸಿದರು. ಆಗ ಪ್ರವಾದಿ(ಸ) ಎಲ್ಲ ಸೆರೆಯಾಳುಗಳ ಕಟ್ಟನ್ನೂ ಸಡಿಲಿಸಲು ಹೇಳಿದರು. ಬಂಧುವಿಗೊಂದು, ಪರರಿಗೊಂದು ಎಂಬ ನ್ಯಾಯವಿಲ್ಲ. ಹಣವಿಲ್ಲದ ಅಕ್ಷರಸ್ಥರು ಹತ್ತು ಮಕ್ಕಳಿಗೆ ಓದುಬರಹ ಕಲಿಸಿ ಬಿಡುಗಡೆಯಾದರು.

ಕುರ್‌ಆನಿನ 'ಅಲ್ ಇನ್ಸಾನ್' ಅಧ್ಯಾಯದ 8ನೇ ವಚನ ಸಜ್ಜನರು ಯಾರಿಗೆ ಉಣಿಸುತ್ತಾರೆಂದು ಹೇಳುವಾಗ ಬಡವ, ಅನಾಥರ ಜೊತೆ ಸೆರೆಯಾಳನ್ನೂ ಹೆಸರಿಸುತ್ತದೆ. ಅಂದಿನ ಸೆರೆಯಾಳು ಎಂದರೆ ಹೆಚ್ಚಾಗಿ ಶತ್ರುವೇ. ಅವನು ಒಳ್ಳೆಯವನೇ ಎಂದು ಅಲ್ಲಾಹನು ನಮ್ಮನ್ನು ಕೇಳುವುದಿಲ್ಲ. ಅವನು ನಿನ್ನ ಕೈಯಲ್ಲಿದ್ದಾಗ ನೀನು ಏನಾಗಿದ್ದೆ ಎಂದು ಕೇಳುತ್ತಾನೆ.

ನಮ್ಮಲ್ಲಿ ಯುದ್ಧಕೈದಿಗಳಿಲ್ಲ. ಆದರೆ ನಮ್ಮ ಮೊಹಲ್ಲಾದ ಒಂದು ಮನೆಯ ಯಜಮಾನ ವಿಚಾರಣಾಧೀನ ಕೈದಿಯಾಗಿ ಜೈಲಿನಲ್ಲಿದ್ದಾರೆ. ತಪ್ಪೋ ಸರಿಯೋ ನ್ಯಾಯಾಲಯ ಹೇಳಲಿ. ಕಳೆದ ಈದ್‌ಗೆ ಆ ಮನೆಗೆ ಎಷ್ಟು ತಟ್ಟೆ ಬಿರಿಯಾನಿ ಹೋಯಿತು? ನಾಲ್ಕು ಮನೆ ಆಚೆ ಇರುವ ನಾನೂ ಕಳುಹಿಸಲಿಲ್ಲ. ಜನ ಏನೆನ್ನುತ್ತಾರೋ ಎಂದು ಹೆದರಿದೆ. ಈ ಮಿಂಬರ್‌ನಿಂದಲೇ ಅದನ್ನು ಒಪ್ಪಿಕೊಳ್ಳುತ್ತೇನೆ. ಮೊನ್ನೆ ಹೋದೆ, ಆ ತಾಯಿ ಬಾಗಿಲಲ್ಲೇ ಅತ್ತರು. ಮಕ್ಕಳ ಶಾಲಾ ಶುಲ್ಕ ಬಾಕಿಯಿದೆ. ನಮಾಝ್ ಮುಗಿದ ಮೇಲೆ ಕಮಿಟಿಯವರು ದಯವಿಟ್ಟು ಐದು ನಿಮಿಷ ನಿಲ್ಲಿ.

ಅಲ್ಲಾಹನು ನಮ್ಮ ಹೃದಯಗಳನ್ನು ಮೃದುಗೊಳಿಸಲಿ. ಆಮೀನ್.