ನೂರಕ್ಕೆ ಎಷ್ಟು?

ಹಳೇಬೀಡಿನ ಹುಡುಗಿಯೊಬ್ಬಳಿಗೆ ಗಣಿತದ ಕಿರುಪರೀಕ್ಷೆಯಲ್ಲಿ 25ಕ್ಕೆ 20 ಬಂತು ಅಂದುಕೊಳ್ಳಿ. ಅರಸೀಕೆರೆಯಲ್ಲಿರುವ ಅವಳ ಚಿಕ್ಕಮ್ಮನ ಮಗನಿಗೆ 40ಕ್ಕೆ 31. ಹಬ್ಬಕ್ಕೆ ಇಬ್ಬರೂ ಅಜ್ಜಿಮನೆಗೆ ಬಂದರು. "ನನಗೇ ಜಾಸ್ತಿ" ಅಂದ ಅವನು. "ನಿಂದು ದೊಡ್ಡ ಪೇಪರ್ ಕಣೋ" ಅಂದಳು ಅವಳು. ಯಾರ ಮಾತು ಸರಿ ಮಕ್ಕಳೇ?

ಅರಸೀಕೆರೆ ಅಂದಮೇಲೆ ತೆಂಗಿನಕಾಯಿ ಇಟ್ಟುಕೊಂಡೇ ಈ ಜಗಳ ಬಿಡಿಸೋಣ. 25 ಕಾಯಿಯ ಒಂದು ಗುಡ್ಡೆ, ಅದರಲ್ಲಿ 20 ಒಳ್ಳೆಯ ಕಾಯಿ. ಅಂಥವೇ ನಾಲ್ಕು ಗುಡ್ಡೆಗಳನ್ನು ಸಾಲಾಗಿ ಹಾಕಿ. ಈಗ ಒಟ್ಟು 100 ಕಾಯಿ, ಒಳ್ಳೆಯವು 80. ಹುಡುಗಿಯ ಅಂಕವೂ ಹೀಗೆಯೇ, ನೂರಕ್ಕೆ 80. ಇದಕ್ಕೇ ಶೇಕಡಾ 80 ಅನ್ನುವುದು.

ಹುಡುಗನ ಗುಡ್ಡೆಯಲ್ಲಿ 40 ಕಾಯಿ, ಒಳ್ಳೆಯವು 31. ಎರಡು ಗುಡ್ಡೆ ಹಾಕಿದರೆ 80 ಆಗುತ್ತದೆ, ಸಾಲದು. ಮೂರು ಹಾಕಿದರೆ 120, ನೂರು ದಾಟಿಹೋಯಿತು! ಹಾಗಾದರೆ ಎರಡೂವರೆ ಗುಡ್ಡೆ ಹಾಕಬೇಕು. 31, ಇನ್ನೊಂದು 31, ಆಮೇಲೆ ಅದರ ಅರ್ಧ ಹದಿನೈದೂವರೆ. ಅರ್ಧ ಕಾಯಿ ಎಲ್ಲಿಂದ ತರೋದು ಅನ್ನಬೇಡಿ, ಒಂದು ಕಾಯಿ ಒಡೆದರೆ ಹೋಳು ಸಿಗುತ್ತದಲ್ಲ! ಕೂಡಿದರೆ 77.5. ಗೆದ್ದವಳು ಹಳೇಬೀಡಿನ ಹುಡುಗಿ.

ಪ್ರತಿ ಸಲ ಗುಡ್ಡೆ ಹಾಕುತ್ತ ಕೂರಬೇಕಿಲ್ಲ. ಬಂದ ಅಂಕವನ್ನು 100ರಿಂದ ಗುಣಿಸಿ, ಒಟ್ಟು ಅಂಕದಿಂದ ಭಾಗಿಸಿ. 20ನ್ನು 100ರಿಂದ ಗುಣಿಸಿದರೆ 2000. ಅದನ್ನು 25ರಿಂದ ಭಾಗಿಸಿದರೆ 80. ಗುಡ್ಡೆಯ ಲೆಕ್ಕವೂ ಇದೇ ಹೇಳಿತ್ತು, ನೋಡಿ.

25, 20, 100. ಗೊತ್ತಿರುವ ಈ ಮೂರರಿಂದ ಗೊತ್ತಿಲ್ಲದ ನಾಲ್ಕನೆಯದನ್ನು ಹಿಡಿಯುವ ಈ ಉಪಾಯಕ್ಕೆ ತ್ರೈರಾಶಿಕ ಎಂದು ಹೆಸರು. ಇದೇನು ಹೊಸದಲ್ಲ. ಹೊಯ್ಸಳ ದೊರೆ ವಿಷ್ಣುವರ್ಧನ ಬೇಲೂರಿನ ಚೆನ್ನಕೇಶವನನ್ನು ಪ್ರತಿಷ್ಠೆ ಮಾಡಿಸಿದ್ದು 1117ರಲ್ಲಿ. ಅದೇ 12ನೆಯ ಶತಮಾನದಲ್ಲಿ ರಾಜಾದಿತ್ಯ ಎಂಬ ಜೈನ ಪಂಡಿತ 'ವ್ಯವಹಾರಗಣಿತ' ಬರೆದು, ಇಂಥ ಲೆಕ್ಕಗಳನ್ನು ಕನ್ನಡದಲ್ಲೇ ಕಲಿಸಿದ. ನನಗಂತೂ ಇದು ಆ ಗುಡಿಯ ಶಿಲಾಬಾಲಿಕೆಯರಷ್ಟೇ ಹೆಮ್ಮೆಯ ವಿಷಯ.

ಮುಂದೆ ನೀವು ಎಸ್ಸೆಸ್ಸೆಲ್ಸಿ ಬರೆಯುತ್ತೀರಲ್ಲ, ಅಲ್ಲಿ ಪ್ರಥಮ ಭಾಷೆಗೆ 125 ಅಂಕ, ಗಣಿತಕ್ಕೆ ನೂರು. ಕನ್ನಡದಲ್ಲಿ 100 ಬಂದರೆ ಪೂರ್ತಿ ಬಂತೆಂದು ಕುಣಿಯಬೇಡಿ, ಅದು ಶೇಕಡಾ 80 ಮಾತ್ರ. ಗಣಿತದಲ್ಲಿ ಬಂದ 82 ಅದಕ್ಕಿಂತ ಮೇಲು!

ಈಗ ನಿಮ್ಮ ಸರದಿ. ಒಬ್ಬಳಿಗೆ 625ಕ್ಕೆ 550, ಇನ್ನೊಬ್ಬನಿಗೆ 50ಕ್ಕೆ 43. ಯಾರದು ಹೆಚ್ಚು? ಪೆನ್ಸಿಲ್ ತೆಗೆದುಕೊಳ್ಳಿ, ಕ್ಯಾಲ್ಕುಲೇಟರ್ ಮುಟ್ಟಬೇಡಿ.