ಕತ್ತರಿಯ ಹೊಣೆ

(ಹೈದರಾಬಾದಿನ ಕನ್ನಡಿಗರ ಸಭೆಯಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ಚಲನಚಿತ್ರದ ಮಾತು ಬಂದಾಗ ನಾವು ನಟರನ್ನು ನೆನೆಯುತ್ತೇವೆ, ನಿರ್ದೇಶಕರನ್ನು ನೆನೆಯುತ್ತೇವೆ. ಸಂಕಲನಕಾರರ ಹೆಸರು ತೆರೆಯ ಮೇಲೆ ಬರುವ ಹೊತ್ತಿಗೆ ನಮ್ಮ ಗಮನ ಬೇರೆಲ್ಲೋ ಇರುತ್ತದೆ. ಸಾಕ್ಷ್ಯಚಿತ್ರದ ಮಟ್ಟಿಗೆ ಈ ಅಲಕ್ಷ್ಯ ಸಲ್ಲದು. ಕಥಾಚಿತ್ರಕ್ಕೆ ಚಿತ್ರಕಥೆ ಮೊದಲೇ ಸಿದ್ಧವಾಗಿರುತ್ತದೆ. ಸಾಕ್ಷ್ಯಚಿತ್ರ ಬಹುಮಟ್ಟಿಗೆ ರೂಪ ತಾಳುವುದು ಸಂಕಲನದ ಮೇಜಿನ ಮೇಲೆ. ಯಾರ ಮಾತು ಉಳಿಯಬೇಕು, ಯಾರದು ಹೋಗಬೇಕು, ಯಾವುದರ ಪಕ್ಕದಲ್ಲಿ ಯಾವುದು ನಿಲ್ಲಬೇಕು ಎಂಬ ತೀರ್ಮಾನಗಳಲ್ಲಿಯೇ ಅದರ ನ್ಯಾಯ ಅಡಗಿದೆ. ಬೆಂಗಳೂರಿನ ನಿರ್ದೇಶಕಿ ದೀಪಾ ಧನರಾಜ್ ಅವರ ಚಿತ್ರಗಳನ್ನು ಈ ದೃಷ್ಟಿಯಿಂದ ನೋಡಬೇಕೆಂಬುದು ನನ್ನ ಬಿನ್ನಹ.

1980ರಲ್ಲಿ ಅವರು ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಅವರೊಡನೆ 'ಯುಗಾಂತರ್' ಎಂಬ ಕೂಟವನ್ನು ಕಟ್ಟಿದರು. ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯಲ್ಲಿ ಸಂಘಟಿತರಾದ ತಂಬಾಕು ಕಾರ್ಮಿಕ ಮಹಿಳೆಯರನ್ನು ಕುರಿತ ಚಿತ್ರ 1982ರದು. ಮರುವರ್ಷ ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯೊಡಗೂಡಿ, ಮನೆಯೊಳಗಿನ ಹಿಂಸೆಯನ್ನು ಕುರಿತು 'ಇದಿ ಕಥಾ ಮಾತ್ರಮೇನಾ' ಎಂಬ ತೆಲುಗು ಕಿರುಚಿತ್ರವನ್ನು ಮಾಡಿದರು. 'ಇದು ಬರಿಯ ಕಥೆಯೇ?' ಎಂದು ಅದರ ಅರ್ಥ.

ಆ ಕಾಲದ ಕೆಲಸದ ರೀತಿಯನ್ನು ಇಂದಿನ ಯುವಕರಿಗೆ ಹೇಳಬೇಕು. 16 ಮಿಲಿಮೀಟರಿನ 400 ಅಡಿ ಫಿಲ್ಮು ಸುಮಾರು 11 ನಿಮಿಷದಲ್ಲಿ ಮುಗಿದುಹೋಗುತ್ತಿತ್ತು. ಚಿತ್ರ ಒಂದು ಪಟ್ಟಿಯಲ್ಲಿ, ಧ್ವನಿ ಇನ್ನೊಂದು ಕಾಂತೀಯ ಪಟ್ಟಿಯಲ್ಲಿ. ಎರಡನ್ನೂ ಮೇಜಿನ ಮೇಲೆ ಜೊತೆಯಾಗಿ ಓಡಿಸಿ, ಅಲಗಿನಿಂದ ಕತ್ತರಿಸಿ, ಟೇಪಿನಿಂದ ಅಂಟಿಸಬೇಕು. ಒಂದು ಸೆಕೆಂಡಿಗೆ 24 ಚೌಕಟ್ಟು. ಒಬ್ಬರ ಮಾತನ್ನು ಎಲ್ಲಿ ನಿಲ್ಲಿಸಿದರೆ ಅದು ಅವರ ಮಾತಾಗಿಯೇ ಉಳಿಯುತ್ತದೆ, ಎಲ್ಲಿ ನಿಲ್ಲಿಸಿದರೆ ನಮ್ಮದಾಗಿಬಿಡುತ್ತದೆ ಎಂಬ ಪ್ರಶ್ನೆ ಪ್ರತಿಯೊಂದು ಅಂಟಿನಲ್ಲಿಯೂ ಇತ್ತು.

1984ನೆಯ ಇಸವಿ ನಮಗೆಲ್ಲ ನೆನಪಿದೆ. ಆಗಸ್ಟ್ 16ರಂದು ಎನ್. ಟಿ. ರಾಮರಾವ್ ಪದಚ್ಯುತರಾದರು; ಸರಿಯಾಗಿ ಒಂದು ತಿಂಗಳಿಗೆ ಮರಳಿ ಅಧಿಕಾರಕ್ಕೆ ಬಂದರು. ಅದೇ ಕಾಲದಲ್ಲಿ ಹಳೆಯ ನಗರ ಕೋಮುಗಲಭೆಯಲ್ಲಿ ಬೆಂದಿತು. 'ಕ್ಯಾ ಹುವಾ ಇಸ್ ಶಹರ್ ಕೋ?' ಎಂಬ ಅವರ 1986ರ ಚಿತ್ರ ಈ ದುರಂತದ ದಾಖಲೆ. ಅದರಲ್ಲಿ ಎರಡೂ ಕಡೆಯ ನಾಯಕರ ಅಬ್ಬರವಿದೆ. ಅದರ ಪಕ್ಕದಲ್ಲಿಯೇ ಕರ್ಫ್ಯೂನಲ್ಲಿ ಕೂಲಿ ಕಳೆದುಕೊಂಡವರ ಬದುಕಿದೆ. ಇವೆರಡನ್ನೂ ಅಕ್ಕಪಕ್ಕ ಇಟ್ಟಾಗ, ಗಲಭೆಯೆಂಬುದು ತಾನಾಗಿ ಹತ್ತಿಕೊಂಡ ಬೆಂಕಿಯಲ್ಲ ಎಂಬುದು ನೋಡುವವನಿಗೆ ತಾನಾಗಿ ಹೊಳೆಯುತ್ತದೆ.

ಇಲ್ಲಿ ನಮ್ಮ ಮಾತನ್ನೂ ಆಡಬೇಕು. ಮೂಸಿ ನದಿಯ ಈಚೆ ದಡದ ಕಾಚಿಗೂಡದಲ್ಲಿದ್ದ ನಾನು ಆಗ ಮಾಡಿದ್ದೇನು? ಕರ್ಫ್ಯೂ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿ, ಹಾಲು ಬಂತೇ ಎಂದು ಮನೆಯಲ್ಲಿ ಕೇಳಿ, ಕಚೇರಿಗೆ ಹೊರಟೆ. ಇಂದು ಮೊಮ್ಮಕ್ಕಳಿಗೆ ಹೇಳುವ ನನ್ನ ಹೈದರಾಬಾದಿನಲ್ಲಿ ನಾಟಕಗಳಿವೆ, ರಾಜ್ಯೋತ್ಸವಗಳಿವೆ, ಆ ತಿಂಗಳುಗಳು ಮಾತ್ರ ಇಲ್ಲ. ನಾನೂ ಕತ್ತರಿ ಆಡಿಸಿದ್ದೇನೆ. 1956ರವರೆಗೆ ಬೀದರ, ಕಲಬುರಗಿ, ರಾಯಚೂರುಗಳಿಗೆ ಇದೇ ರಾಜಧಾನಿಯಾಗಿತ್ತು. ಹೀಗಿರುವಾಗ ಈ ಊರಿನ ನೋವು ನಮಗೆ ಪರರದು ಹೇಗಾದೀತು?

ದೀಪಾ ಅವರು ಈ ನಗರವನ್ನು ಮರೆಯಲಿಲ್ಲ. 2007ರಲ್ಲಿ ಇಲ್ಲಿಯ ಹಕ್ಕುಗಳ ನ್ಯಾಯವಾದಿ ಕೆ. ಜಿ. ಕಣ್ಣಬಿರಾನ್ ಅವರನ್ನು ಕುರಿತು 'ದಿ ಅಡ್ವೊಕೇಟ್' ಮಾಡಿದರು. 2016ರ ಜನವರಿಯಲ್ಲಿ ಹೈದರಾಬಾದ್ ವಿಶ್ವವಿದ್ಯಾಲಯದ ರೋಹಿತ್ ವೇಮುಲ ತೀರಿಕೊಂಡ ಮೇಲೆ ಎದ್ದ ವಿದ್ಯಾರ್ಥಿ ಚಳವಳಿಯನ್ನು ಕುರಿತ ಅವರ ಚಿತ್ರ 2018ರಲ್ಲಿ ಬಂತು. ಹಳೆಯ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಜೀರ್ಣೋದ್ಧಾರ ಮಾಡಿದೆ. ನವರೋಜ್ ಅವರು 2023ರಲ್ಲಿ ನಮ್ಮನ್ನಗಲಿದರು.

ಬರ್ಲಿನ್ನಿನವರು ಕಾಪಾಡಿದ ನಮ್ಮೂರಿನ ಚಿತ್ರವನ್ನು ನಾವು ಒಮ್ಮೆಯಾದರೂ ನಮ್ಮ ಸಭಾಂಗಣದಲ್ಲಿ ತೋರಿಸೋಣ. ಚಿತ್ರ ಮುಗಿದ ಮೇಲೆ ದೀಪ ಹಚ್ಚಿ, ನಾವು ಕತ್ತರಿಸಿ ಬಿಸುಟ ನೆನಪುಗಳನ್ನು ಒಬ್ಬರಿಗೊಬ್ಬರು ಹೇಳಿಕೊಳ್ಳೋಣ.